ಹಾಡು ಒಂದು ಕಡೆ, ಪಗಾರ ಒಂದು ಕಡೆ

— ಮಾಮಾ, ಈ ಸಲ ಬ್ಯಾಡ ಅನಬ್ಯಾಡ್ರಿ. ಜೂನ್‌ದಾಗ ಸಾಲಿ ಸುರು ಆಗೂದ್ರೊಳಗ ರಾಜೀನಾಮೆ ಕೊಟ್ಟು ಪುಣೆಗೆ ಹೋಗಾಕಿ ನಾನು. ಸಿನಿಮಾ, ಸೀರಿಯಲ್‌ಗೆ ಸಂಗೀತ ಮಾಡೋದು, ಅಷ್ಟ. ನಿಲಂಗಾದಾಗ ಹುಡುಗರಿಗೆ ಪ್ರಾರ್ಥನೆ ಕಲಿಸಿಕೋತ ಕೂತ್ರ ಇಲ್ಲೇ ಮುದುಕಿ ಆಗ್ತೀನಿ.

— ಬ್ಯಾಡ ಅಂತ ನಾ ಯಾವಾಗ ಅಂದೀನವ್ವಾ? ಹೋಗು. ಆದ್ರ ನೌಕರಿ ಮ್ಯಾಲ ಯಾಕ ಸಿಟ್ಟು?

— ಕಲಾವಿದರಾದವರು ನೌಕರಿ ಕಟ್ಟಿಗೊಂಡು ಕೂಡ್ತಾರೇನ್ರಿ? ಇಳದ್ರ ಪೂರಾ ಇಳೀಬೇಕು.

— ಮೊಬೈಲ್‌ದಾಗ ಹಿಂಗ ಭಾಷಣ ಬಿಗಿಯವರು ಭಾಳ ಮಂದಿ ಅದಾರ. ನಾ ನಿನಗ ಇಳದು ದಾಟಿದವರ ಕತಿ ಹೇಳ್ತೀನಿ. ಸಿ. ಅಶ್ವತ್ಥ್ ಹೆಸರು ಗೊತ್ತಿಲ್ಲ?

— ಯಾಕ ಗೊತ್ತಿಲ್ರಿ, ಶರೀಫಜ್ಜನ ಪದ ಹಾಡಿದವರು. ಶ್ರಾವಣದಾಗ ನಮ್ಮ ಮಠದ ಮೈಕಿನ್ಯಾಗ ಅವರ ದನೀನೇ ಅಲ್ಲ?

— ಬರೇ ಹಾಡಿದವರಲ್ಲ, ಮಟ್ಟು ಹಾಕಿದವರು. ಆ ಮನಷ್ಯಾ ಬೆಂಗಳೂರಿನ ಐಟಿಐ ಟೆಲಿಫೋನ್ ಕಾರ್ಖಾನಿದಾಗ 25 ವರ್ಷಕ್ಕೂ ಮಿಕ್ಕಿ ದುಡದಾರ. 1977ರಾಗ ‘ಕಾಕನಕೋಟೆ’ ಸಿನಿಮಾಕ್ಕ ಸಂಗೀತ ಕೊಟ್ಟಾಗ ಕಾರ್ಖಾನಿಯ ನೌಕರಿ ಬಿಟ್ಟಿರಲಿಲ್ಲ. ಹಗಲಿ ಕಾರ್ಖಾನಿ, ಸಂಜಿಗೆ ಹಾರ್ಮೋನಿಯಂ. ಅವರ ದನಿದಾಗ ಏನರ ಅಂಜಿಕಿ ಕೇಳಸ್ತದೇನು ನಿನಗ? ಪಗಾರ ಕೈಯಾಗ ಇದ್ದವನ ದನಿ ಅದು. ನಿರ್ಮಾಪಕ ‘ಹಿಂಗ ಬ್ಯಾಡ, ಹಂಗ ಮಾಡು’ ಅಂದ್ರ ‘ಆಗಂಗಿಲ್ಲ’ ಅನ್ನಾಕ ಬರ್ತದ. ಬಾಡಿಗಿ ಕಟ್ಟೋ ದಿನ ಹತ್ರ ಬಂದವರಿಗೆ ಅನ್ನಾಕ ಬರಂಗಿಲ್ಲ.

— ನಿಮ್ಮ ಮಾತು ಖರೇ ಇದ್ರೂ ಅವರು ಬೆಂಗಳೂರಿನ್ಯಾಗ ಇದ್ರು. ನೌಕರಿ ಮುಗಿಸಿ ಸ್ಟುಡಿಯೋಕ್ಕ ಹೋಗಬಹುದಿತ್ತು. ನಾ ಸಾಲಿ ಬಿಟ್ಟ ಮ್ಯಾಲ ಉಮರ್ಗಾಕ್ಕ ಹೋದ್ರ ಏನ್ ಸಿಗ್ತದ? ಹೈದರಾಬಾದಿಗೆ ಹೋಗೋ ಲಾರಿ ಸಾಲು. ಉದಗೀರಕ್ಕ ಹೋದ್ರ ಕಿಲ್ಲಾ.

— ಅದನ್ನ ಆಮ್ಯಾಲ ನೋಡೂಣು. ಮೊದಲ ಇದನ್ನ ಕೇಳು. ಆವಾಗಿನ ಸಿನಿಮಾದ ಟೈಟಲ್‌ದಾಗ ‘ಅಶ್ವತ್ಥ್–ವೈದಿ’ ಅಂತ ಬರ್ತಿತ್ತು. ‘ನಾರದ ವಿಜಯ’, ‘ಅನುಪಮ’, ‘ಆಲೆಮನೆ’. ಈ ವೈದಿ ಯಾರು?

— ಗೊತ್ತಿಲ್ರಿ.

— ಗೊತ್ತದ ನಿನಗ. ಹೆಸರು ಗೊತ್ತಿಲ್ಲ, ಕೆಲಸ ಗೊತ್ತದ. ‘ಮಾಲ್ಗುಡಿ ಡೇಸ್’ ಸುರುವಾಗೋ ಮುಂದ ಬರೋ ಆ ಗುನುಗು ಯಾರದು? ಎಲ್. ವೈದ್ಯನಾಥನ್ ಅವರದು. ಅವರೇ ವೈದಿ.

— ಅವ್ವ ರೊಟ್ಟಿ ಬಡಿಯೋವಾಗ ಗುನುಗ್ತಾಳಲ್ಲ, ಅದಾ?

— ಹಾಂ, ಅದೇ. ನಿಮ್ಮವ್ವಗ ಇಂಗ್ಲಿಷೂ ಬರಂಗಿಲ್ಲ, ತಮಿಳೂ ಬರಂಗಿಲ್ಲ, ಹಿಂದಿ ಸೈತ ಅರ್ಧಂಬರ್ಧ. ಆರ್.ಕೆ. ನಾರಾಯಣ್ ಬರದದ್ದು ಇಂಗ್ಲಿಷಿನ್ಯಾಗ, ಶಂಕರ್ ನಾಗ್ ಚಿತ್ರೀಕರಣ ಮಾಡಿದ್ದು ಮಲೆನಾಡಿನ ಆಗುಂಬೆದಾಗ, ಟಿ.ವಿ.ದಾಗ ನಾವು ನೋಡಿದ್ದು ಹಿಂದಿದಾಗ, ಸಂಗೀತ ಮಾಡಿದವರು ಮದರಾಸಿನವರು. 1986–87ರ ಸುಮಾರು ಇರಬೇಕು. ಆವಾಗ ಇರೂದೇ ಒಂದು ದೂರದರ್ಶನ. ನಮ್ಮ ಓಣಿದಾಗ ಎರಡು ಟಿ.ವಿ., ಮಳಿ ಬಂದ್ರ ಪಡದಿ ತುಂಬ ಚುಕ್ಕಿ. ಆದ್ರ ದನಿ ಬರ್ತಿತ್ತು ನೋಡು! ಬಳಿಗಾರ ಓಣಿಗೆ ಬರೋಕಿಂತ ಮೊದಲ ಅವನ ಕೂಗು ಬರ್ತದಲ್ಲ, ಹಂಗ ಇತ್ತದು. ಹೆಣ್ಣುಮಕ್ಕಳು ಒಲಿ ಬಿಟ್ಟು ಏಳ್ತಿದ್ರು.

— ಹಂಗಾದ್ರ ಅದರಾಗ ಅಂಥಾದ್ದೇನದ? ನಾಕು ಸ್ವರದ ಹಗುರ ಮಟ್ಟು. ನಾನೂ ಮಾಡಬಲ್ಲೆ.

— ಮಾಡು, ನಾ ಕೇಳ್ತೀನಿ. ಅವರು ಎಂಥಾ ಮನಿಯಿಂದ ಬಂದವರು ಗೊತ್ತದೇನು? ತಂದಿ ವಿ. ಲಕ್ಷ್ಮೀನಾರಾಯಣ, ಪಿಟೀಲಿನ ದೊಡ್ಡ ವಿದ್ವಾಂಸರು. ತಮ್ಮಂದಿರು ಎಲ್. ಸುಬ್ರಹ್ಮಣ್ಯಂ, ಎಲ್. ಶಂಕರ್. ಇಬ್ಬರೂ ಪಿಟೀಲು ಹಿಡಕೊಂಡು ಜಗತ್ತು ಸುತ್ತಿದವರು. ಇವರು ಅಷ್ಟೂ ವಿದ್ಯಾ ಇಟ್ಟುಕೊಂಡು ಸಿನಿಮಾದಾಗ ಜಿ.ಕೆ. ವೆಂಕಟೇಶ್ ಅವರ ಹತ್ರ ಸಹಾಯಕ ಆಗಿ ನಿಂತ್ರು. ಇಳಯರಾಜಾನೂ ಅದೇ ಗರಡಿಯವರು. ‘ಸನಾದಿ ಅಪ್ಪಣ್ಣ’ ಸಿನಿಮಾಕ್ಕ ಬಿಸ್ಮಿಲ್ಲಾ ಖಾನ್ ಅವರಿಂದ ಶಹನಾಯಿ ನುಡಿಸಿಕೊಂಡ ಜಿ.ಕೆ. ವೆಂಕಟೇಶ್ ಅವರೇ. ಇಷ್ಟೆಲ್ಲಾ ಕಲತವರು ಮಾಲ್ಗುಡಿಗೆ ಬಂದಾಗ ಪಾಂಡಿತ್ಯ ಎಲ್ಲಾ ಬಾಗಲ ಹೊರಗ ಬಿಟ್ಟು, ಮಾತಿಲ್ಲದ ಒಂದು ಗುನುಗು ಇಟ್ರು. ಪೂರಾ ಕರ್ನಾಟಕ ಸಂಗೀತ ಅಲ್ಲ, ಪೂರಾ ಇಂಗ್ಲಿಷ್ ಬ್ಯಾಂಡೂ ಅಲ್ಲ. ಸಾಲಿ ತಪ್ಪಿಸಿ ಹೊಳಿದಂಡಿಗೆ ಓಡೋ ಹುಡುಗನ ಹೆಜ್ಜಿ ಅದು. ನಾಕು ಸ್ವರ ಹಾಕೋದು ದೊಡ್ಡದಲ್ಲ. ನಲವತ್ತು ಸ್ವರ ಗೊತ್ತಿದ್ದೂ ಮೂವತ್ತಾರು ಬಿಡೋದು ಅದ ನೋಡು, ಅದು ದೊಡ್ಡದು.

— ಈ ಮಾತು ನಮ್ಮ ನಿರ್ಮಾಪಕರಿಗೆ ಹೇಳ್ರಿ ಮಾಮಾ. ಈಗಿನ ಸೀರಿಯಲ್ ಹ್ಯಾಂಗ ನಡೀತದ ನಿಮಗ ಗೊತ್ತಿಲ್ಲ.

— ಹೇಳು, ಕೇಳ್ತೀನಿ.

— ಟೈಟಲ್ ಹಾಡು ಒಬ್ಬರು ಮಾಡ್ತಾರ, ಹಿನ್ನೆಲೆ ಸಂಗೀತ ಇನ್ನೊಬ್ಬರು. ಹಿನ್ನೆಲೆ ಮಾಡವರಿಗೆ ದಿನದ ಕಂತು ತೋರ್ಸೂದೂ ಇಲ್ಲ ಎಷ್ಟೋ ಸಲ. ಸುರುವಿಗೇ ಒಂದು ಪಟ್ಟಿ ಕೊಡ್ತಾರ. ಅಳೋ ತುಂಡು ಇಷ್ಟು, ಹೆದರ್ಸೋ ತುಂಡು ಇಷ್ಟು, ಪ್ರೀತಿದು ಇಷ್ಟು, ಅತ್ತಿ ಒಳಗ ಬಂದಾಗಿಂದು ಒಂದು, ಕಂತು ಮುಗಿಯೋವಾಗ ಮೂರು ಮುಖ ತೋರಿಸಿ ಢಂ ಢಂ ಅನ್ನೋದು ಒಂದು. ಎಲ್ಲಾ ಮಾಡಿ ಕಳಿಸಿಬಿಡೋದು. ಆಮ್ಯಾಲ ಎಡಿಟಿಂಗ್ ಟೇಬಲ್ ಮ್ಯಾಲ ಕೂತ ಹುಡುಗ ಬೇಕಾದಲ್ಲಿ ಬೇಕಾದ್ದು ಅಂಟಿಸ್ತಾನ. ವಾರಕ್ಕ ಐದಾರು ಕಂತು ಹೋಗ್ಬೇಕು, ಅವನಾದ್ರೂ ಏನ್ ಮಾಡ್ಯಾನು? ಒಂದು ಕ್ಷಣ ಸುಮ್ಮನಾದ್ರ ಮಂದಿ ಚಾನೆಲ್ ಬದಲಾಯಿಸ್ತಾರಂತ ಅಂಜಿಕಿ. ಸುಮ್ಮನಿರೋದಕ್ಕ ಜಾಗಾನೇ ಇಲ್ರಿ.

— ಅಂದ್ರ ನೀ ಮಾಡಿದ ಅಳೋ ತುಂಡು ಯಾರ ಸಾವಿಗೆ ಹಚ್ಚ್ಯಾರ ನಿನಗೇ ಗೊತ್ತಿರಂಗಿಲ್ಲ.

— ಅವ್ವನ ಜೋಡಿ ಕೂತು ನೋಡಿದಾಗೇ ಗೊತ್ತಾಗೂದು.

— ಅದಕ್ಕಂತ ಇಷ್ಟೆಲ್ಲಾ ರಿಯಾಜ ಮಾಡಬೇಕಾಯ್ತೇನು? ಹೋಗ್ಲಿ ಬಿಡು. ‘ಪುಷ್ಪಕ ವಿಮಾನ’ ನೋಡೀಯಿಲ್ಲ ನೀ?

— ಕಮಲ ಹಾಸನ್‌ದು? ಯೂಟ್ಯೂಬಿನ್ಯಾಗ ನೋಡೀನಿ. ಮಾತೇ ಇಲ್ಲ.

— 1987. ಸಿಂಗೀತಂ ಶ್ರೀನಿವಾಸರಾವ್ ಮಾಡಿದ್ದು, ಬೆಂಗಳೂರಿನ್ಯಾಗೇ ತೆಗದದ್ದು. ನಮ್ಮ ಸೀಮಿದಾಗ ಆ ಸಿನಿಮಾ ಬಂದಾಗ ಒಂದು ಚಂದ ಏನಂದ್ರ, ಟಾಕೀಸಿನ್ಯಾಗ ಯಾರೂ ‘ಏನಂದ ಅವ, ಏನಂದ’ ಅಂತ ಬಾಜೂದವನಿಗೆ ಕೇಳಲಿಲ್ಲ. ಮರಾಠಿಯವ, ಕನ್ನಡದವ, ಉರ್ದುದವ, ಹೊಲದಾಗ ದುಡ್ಯಾಕ ಬಂದ ತೆಲುಗಿನವ, ಎಲ್ಲಾರೂ ಒಂದೇ ಸಲ ನಕ್ರು. ಅದಕ್ಕೂ ಸಂಗೀತ ವೈದ್ಯನಾಥನ್ ಅವರದೇ. ಹಾಡಿಲ್ಲ, ಮಾತಿಲ್ಲ. ಬ್ಯಾರೆ ಯಾರರ ಆಗಿದ್ರ ‘ಈಗ ನಂದೇ ರಾಜ್ಯ’ ಅಂತ ಎರಡೂ ತಾಸು ವಾದ್ಯ ತುಂಬಿಬಿಡ್ತಿದ್ರು. ಆ ಹಾಸಿಗಿ ದೃಶ್ಯ ನೆನಪದೇನು?

— ಯಾವುದ್ರಿ?

— ಬಡ ಹುಡುಗ. ಅವನ ಖೋಲಿ ಒಂದು ಟಾಕೀಸಿಗೆ ಹತ್ತಿಗೊಂಡದ. ದಿನಾ ರಾತ್ರಿ ಸಿನಿಮಾದ ಹೊಡದಾಟ, ಕೂಗಾಟ ಕೇಳಿಕೋತ ಮಲಗೋ ರೂಢಿ. ಮುಂದ ಮೋಸದಿಂದ ದೊಡ್ಡ ಹೋಟೆಲಿನ ಮೆತ್ತನ ಹಾಸಿಗಿಗೆ ಬಂದು ಬೀಳ್ತಾನ. ನಿದ್ದಿ ಬರಂಗಿಲ್ಲ, ಹೊಳ್ಳ್ಯಾಡ್ತಾನ. ಕಡೀಕ ಹಳೇ ಜಾಗಾಕ್ಕ ಹೋಗಿ ಆ ಗದ್ದಲ ಟೇಪ್ ಮಾಡಿಕೊಂಡು ಬಂದು, ಹೋಟೆಲಿನ ಖೋಲಿದಾಗ ಹಚ್ಚಿ ಮಲಗ್ತಾನ. ಅವಾಗ ನಿದ್ದಿ ಹತ್ತದ. ಆ ಜಾಗಾದಾಗ ಗದ್ದಲಾನೇ ಜೋಗುಳ. ಅಲ್ಲಿ ಒಂದು ವೀಣಿ ನುಡಿಸಿದ್ರೂ ಸಿನಿಮಾ ಸತ್ತು ಹೋಗ್ತಿತ್ತು. ರೀರೆಕಾರ್ಡಿಂಗ್ ಕಲೀಬೇಕಂದ್ರ ನೀ ಈ ಒಂದು ದೃಶ್ಯ ಹತ್ತು ಸಲ ನೋಡು, ಕಣ್ಣು ಮುಚ್ಚಿ ಮತ್ತ ಹತ್ತು ಸಲ ಕೇಳು. ಎಲ್ಲೆಲ್ಲಿ ವಾದ್ಯ ಬಂದದ, ಎಲ್ಲಿ ಹಿಂದ ಸರದದ ಅಂತ ಬರಕೋ.

— ಇದು ನನಗ ಸಾಲಿದಾಗೂ ಯಾರೂ ಹೇಳಲಿಲ್ಲ, ಆನ್‌ಲೈನ್ ಕೋರ್ಸಿನ್ಯಾಗೂ ಹೇಳಲಿಲ್ಲ. ಅಲ್ಲಿ ಬರೇ ಸಾಫ್ಟ್‌ವೇರ್. ಇಂಥಾ ಬಟನ್ ಒತ್ತಿದ್ರ ಐವತ್ತು ಪಿಟೀಲು ಬರ್ತಾವ ಅಂತ.

— ಐವತ್ತು ಪಿಟೀಲು ಬಂದ್ರ ಬರಲಿ, ಒಂದರ ಬಿಲ್ಲು ಎಳಿಯೋದು ಕಲತಿರಬೇಕು. ಇದನ್ನ ಸಿನಿಮಾದವರಿಗೇ ಕಲಿಸಿದ ಒಬ್ಬರಿದ್ರು, ನೀ ಹೋಗ್ಬೇಕಂತೀಯಲ್ಲ ಆ ಪುಣೆದಾಗೇ. ಭಾಸ್ಕರ ಚಂದಾವರಕರ. ಹೆಸರಿನ್ಯಾಗಿನ ಚಂದಾವರ ಉತ್ತರ ಕನ್ನಡದ್ದು, ಮನಷ್ಯಾ ಪುಣೇಕರ. ರವಿಶಂಕರ್ ಅವರ ಶಿಷ್ಯ, ಸಿತಾರ ನುಡಿಸವರು. 1972ರಾಗ ತೆಂಡೂಲ್ಕರ್ ಅವರ ‘ಘಾಶೀರಾಮ ಕೋತವಾಲ’ ನಾಟಕ ಬಂತು ನೋಡು, ಮರಾಠಿ ರಂಗಭೂಮಿನೇ ಎದ್ದು ಕೂತಿತು. ಅದರ ಸಂಗೀತ ಅವರದು. ಅದೇ ಹೊತ್ತಿಗೆ ಕನ್ನಡದಾಗ ‘ವಂಶವೃಕ್ಷ’ಕ್ಕೂ ಅವರದೇ.

— ಭೈರಪ್ಪನವರ ಕಾದಂಬರಿದು?

— ಹೂಂ. ನಿರ್ದೇಶನ ಬಿ.ವಿ. ಕಾರಂತ ಮತ್ತ ಗಿರೀಶ ಕಾರ್ನಾಡ. ಈಗ ಒಂದು ಮಾತು ಲಕ್ಷ್ಯಕ್ಕ ತಗೋ. ಕಾರಂತರೇ ಎಂಥಾ ಸಂಗೀತಗಾರ! 1976ರಾಗ ‘ಋಷ್ಯಶೃಂಗ’, 1977ರಾಗ ‘ಘಟಶ್ರಾದ್ಧ’, ಸಾಲಾಗಿ ಎರಡು ವರ್ಷ ಸಂಗೀತಕ್ಕ ರಾಷ್ಟ್ರ ಪ್ರಶಸ್ತಿ ತಗೊಂಡವರು. ಅಂಥವರು ತಾವು ನಿರ್ದೇಶನಕ್ಕ ಕೂತ ಸಿನಿಮಾದ ಸಂಗೀತ ಪುಣೆಯವರ ಕೈಯಾಗ ಕೊಟ್ರು. ‘ತಬ್ಬಲಿಯು ನೀನಾದೆ ಮಗನೆ’ಗೂ ಚಂದಾವರಕರರೇ. 1978ರ ‘ಒಂದಾನೊಂದು ಕಾಲದಲ್ಲಿ’ಗೂ ಅವರೇ. ಶಂಕರ್ ನಾಗ್ ಮೊದಲ ಸಲ ಪಡದಿಗೆ ಬಂದ ಸಿನಿಮಾ ಅದು. ಎಂಟು ವರ್ಷ ಆದ ಮ್ಯಾಲ ಅದೇ ಶಂಕರ್ ನಾಗ್ ಮಾಲ್ಗುಡಿಗೆ ವೈದ್ಯನಾಥನ್ ಅವರನ್ನ ಕರೀತಾರ. ಇವರ್ಯಾರೂ ‘ನೀ ಯಾವ ರಾಜ್ಯದವ’ ಅಂತ ಕೇಳಿದ್ದಿಲ್ಲ.

— ಪುಣೆದಾಗ ನನಗ ಕೇಳ್ತಾರ್ರಿ. ಮರಾಠಿ ಮಾತಾಡಿದ್ರ ‘ನಿನ್ನ ಮರಾಠಿದಾಗ ಕಾನಡಿ ವಾಸನಿ ಅದ’ ಅಂತಾರ. ಬೆಂಗಳೂರಿಗೆ ಫೋನ್ ಮಾಡಿದ್ರ ‘ನಿಮ್ಮದು ಮಹಾರಾಷ್ಟ್ರ ಅಲ್ವಾ’ ಅಂತಾರ. ಮನಿದಾಗ ಕನ್ನಡ, ಸಾಲಿದಾಗ ಮರಾಠಿ. ನಾ ಯಾರಾಕಿ?

— ನಮ್ಮಜ್ಜ ಹುಟ್ಟಿದ್ದು ಬೀದರ ಜಿಲ್ಲಾದಾಗ. 1956ರಾಗ ನಿಲಂಗಾ, ಉದಗೀರ ಎರಡೂ ಈ ಕಡೆ ಬಂದು ಅಂವ ಉಸ್ಮಾನಾಬಾದ ಜಿಲ್ಲಾದಾವ ಆದ. 1982ರಾಗ ಲಾತೂರ ಜಿಲ್ಲಾ ಆತು, ಲಾತೂರ ಜಿಲ್ಲಾದಾಗ ಸತ್ತ. ಮೂರು ಜಿಲ್ಲಾ ನೋಡಿದ ಮನಷ್ಯಾ ಒಂದು ದಿನಾನೂ ಮನಿ ಬದಲಾಯಿಸಲಿಲ್ಲ. ಅಂವ ಭಜನಿದಾಗ ವಚನ ಹೇಳ್ತಿದ್ದ, ಅಭಂಗ ಹಾಡ್ತಿದ್ದ, ಹುಮನಾಬಾದದ ಮಾಣಿಕನಗರಕ್ಕ ದತ್ತ ಜಯಂತಿಗೆ ಹೋದ್ರ ಮಾಣಿಕ ಪ್ರಭುಗಳ ಪದ ಮರಾಠಿದಾಗೂ ಕೇಳಿ ಬರ್ತಿದ್ದ, ಉರ್ದುದಾಗೂ ಕೇಳಿ ಬರ್ತಿದ್ದ. ನಿನ್ನ ಕಿವಿಗೆ ಇದು ಎಲ್ಲಾ ಪುಕಟ ಬಂದದ. ಹಲಗಿ, ಸಂಬಳ, ಪೇಟಿ, ಮೊಹರಂದ ತಾಶಾ. ಬೆಂಗಳೂರಿನ ಹುಡುಗ ಇದನ್ನ ಕಂಪ್ಯೂಟರಿನ್ಯಾಗ ಹುಡುಕಬೇಕು. ‘ಸೈರಾಟ’ ಹೆಂಗ ಹೋತು ನೋಡಿದ್ದಿಲ್ಲ? 2016ರಾಗ ಸೋಲಾಪುರದ ಕರಮಾಳಾ ಸೀಮಿ ಕತಿ, ಅಜಯ್–ಅತುಲ್ ಸಂಗೀತ. ಮರುವರ್ಷ ಕನ್ನಡದಾಗ ‘ಮನಸು ಮಲ್ಲಿಗೆ’ ಆಗಿ ಬಂದಾಗ ಭಾಷಾ ಬದಲಾತು, ನಾಯಕ ಬದಲಾದ, ಅದೇ ಮಟ್ಟು ಉಳೀತು.

— ಮಟ್ಟು ಗಡಿ ದಾಟ್ತದ, ಮಾಡಿದವರಿಗೆ ರೊಕ್ಕ ದಾಟಿ ಬರ್ತದೇನ್ರಿ?

— ಈಗ ಬಂದಿ ನೋಡು ಅಸಲಿ ಮಾತಿಗೆ. ಚಂದಾವರಕರರ ಪಗಾರ ಎಲ್ಲಿಂದ ಬರ್ತಿತ್ತು ಹೇಳ್ಲಾ? 1965ರಿಂದ 1980ರ ತನಕ ಪುಣೆ ಫಿಲ್ಮ್ ಇನ್‌ಸ್ಟಿಟ್ಯೂಟಿನ್ಯಾಗ ಸಂಗೀತದ ಮಾಸ್ತರಕಿ. ಅದಕ್ಕ ಅವರು ಹೊಟ್ಟಿಗೋಸ್ಕರ ಯಾವ ಸಿನಿಮಾನೂ ಒಪ್ಪಬೇಕಾಗಿರಲಿಲ್ಲ. ಅಶ್ವತ್ಥ್‌ಗ ಕಾರ್ಖಾನಿ. ಕಾರಂತರಿಗೆ ರಂಗಭೂಮಿ. ವೈದ್ಯನಾಥನ್‌ಗ ನೌಕರಿ ಇರಲಿಲ್ಲ ಖರೇ, ಆದ್ರ ಕೈಯಾಗ ಪಿಟೀಲು ಇತ್ತು.

— ರಾಜೀವ ತಾರಾನಾಥರ ಹೆಸರು ಬಿಟ್ರಿ. ಬೇಕಂತಲೇ ಬಿಟ್ರಿ.

— ಇಲ್ಲವ್ವ, ಮರತಿದ್ದಿಲ್ಲ...

— 1970ರ ‘ಸಂಸ್ಕಾರ’ಕ್ಕ ಸಂಗೀತ ಅವರದು. ನಮ್ಮ ಹಳೇ ನಿಜಾಮ್ ಸೀಮಿಯವರೇ, ರಾಯಚೂರಿನವರು. ಇಂಗ್ಲಿಷ್ ಪ್ರಾಧ್ಯಾಪಕರು. ನೌಕರಿ ಮಾಡಿನೂ ನೋಡ್ಯಾರ, ಸರೋದಕ್ಕಂತ ಬಿಟ್ಟೂ ನೋಡ್ಯಾರ. ಅವರು ಬಿಟ್ರ ದೊಡ್ಡದು, ನಾ ಬಿಟ್ರ ತಪ್ಪಾ?

— ಅವರು ಬಿಟ್ಟಿದ್ದು ಸರೋದಕ್ಕ, ಅಲಿ ಅಕಬರ್ ಖಾನ್ ಅವರ ಕಾಲ ಬುಡಕ್ಕ ಕೂಡಾಕ. ನೀ ಬಿಡ್ತಿರೋದು ಯಾಕ? ಅತ್ತಿ ಒಳಗ ಬಂದಾಗಿನ ಢಂ ಢಂ ಮಾಡಾಕ. ಕಲಿಯೋ ಸಲುವಾಗಿ ಬಿಡ್ತಿದ್ರ ನಾ ತಿರುಗಿ ಮಾತಾಡ್ತಿದ್ದಿಲ್ಲ.

— ಇದು ಬಿರಸಾತ್ರಿ ಮಾಮಾ.

— ಬಿರಸೇ ಇರಲಿ. ಹೋದ ವರ್ಷ ಆ ಅಂಗಡಿ ಜಾಹೀರಾತಿಗೆ ಒಂದು ಮಟ್ಟು ಕೊಟ್ಟಿದ್ದೆಲ್ಲ, ಎಷ್ಟು ಕೊಟ್ರು?

— ಹೆಸರು ಹಾಕ್ತೀವಿ ಅಂದ್ರು. ಅದನ್ನೂ ಹಾಕಲಿಲ್ಲ. ಲಾತೂರದಾಗ ರಿಕ್ಷಾ ಮ್ಯಾಲ ಕಟ್ಟಿಗೊಂಡು ಈಗೂ ಅದನ್ನೇ ಬಾರಸ್ತಾರ. ಕೇಳಿದ್ರ, ಕಾಗದ ಎಲ್ಲ್ಯದ ಅಂತಾರ.

— ಕಾಗದ ಎಲ್ಲ್ಯದ? ಅವರ ಪ್ರಶ್ನಿ ಬರೋಬ್ಬರಿ ಅದ. ನಮ್ಮ ದೇಶದ ಭಾಳಷ್ಟು ಸಂಗೀತಗಾರರಿಗೂ ಇದೇ ಗತಿ ಆಗಿತ್ತು. 1969ರಾಗ ಐಪಿಆರ್‌ಎಸ್ ಅಂತ ಸಂಸ್ಥಾ ಆತು, ಹಾಡು ಬರದವರ, ಮಟ್ಟು ಹಾಕಿದವರ ರಾಯಧನ ವಸೂಲಿ ಮಾಡಾಕ. ಆದ್ರ 1977ರಾಗ ಸುಪ್ರೀಂ ಕೋರ್ಟು, ನಿರ್ಮಾಪಕ ರೊಕ್ಕ ಕೊಟ್ಟು ಮಾಡಿಸಿಕೊಂಡ ಸಂಗೀತಕ್ಕ ಬ್ಯಾರೆ ಕರಾರು ಇರದಿದ್ರ ನಿರ್ಮಾಪಕನೇ ಮಾಲಕ ಅಂತ ತೀರ್ಪು ಕೊಟ್ಟಿತು. ಆ ಮ್ಯಾಲ 35 ವರ್ಷ ರೇಡಿಯೋದಾಗ, ಟಿ.ವಿ.ದಾಗ ಎಷ್ಟು ಸಲ ಹಚ್ಚಿದ್ರೂ ಮಟ್ಟು ಹಾಕಿದ ಭಾಳ ಮಂದಿ ಪಾಲಿಗೆ ಮೊದಲ ಕೊಟ್ಟ ರೊಕ್ಕ ಅಷ್ಟ. 2012ರಾಗ ಕಾಯ್ದೆ ತಿದ್ದುಪಡಿ ಆತು. ರಾಜ್ಯಸಭಾದಾಗ ಜಾವೇದ್ ಅಖ್ತರ್ ಅದಕ್ಕ ಹಟಾ ಹಿಡದು ನಿಂತಿದ್ರು. ಈಗ ಟಾಕೀಸಿನ್ಯಾಗ ಸಿನಿಮಾ ಜೋಡಿ ತೋರ್ಸೋದು ಬಿಟ್ಟು, ಬ್ಯಾರೆ ಎಲ್ಲೇ ಬಳಸಿದ್ರೂ ಬರೋ ರಾಯಧನದಾಗ ಮಟ್ಟು ಹಾಕಿದವರಿಗೆ ಸಮ ಪಾಲು. ಆ ಹಕ್ಕು ನೀ ಸಹಿ ಮಾಡಿ ಕೊಟ್ಟೆ ಅಂದ್ರೂ ಹೋಗಂಗಿಲ್ಲ.

— ಸಹಿ ಮಾಡಿದ್ರೂ ಹೋಗಂಗಿಲ್ಲಾ?

— ಹೋಗಂಗಿಲ್ಲ. ಕಾಯ್ದೆ ಹಂಗ ಅಂತದ. ಆದ್ರ ವಸೂಲಿ ಆಗ್ಬೇಕಂದ್ರ ನೀ ಸಂಸ್ಥಾದಾಗ ಸದಸ್ಯಳಿರಬೇಕು, ನಿನ್ನ ಮಟ್ಟು ಅಲ್ಲಿ ನೋಂದಣಿ ಆಗಿರಬೇಕು, ಚಾನೆಲ್ಲಿನ ಕ್ಯೂ ಶೀಟಿನ್ಯಾಗ ನಿನ್ನ ಹೆಸರು, ತುಂಡಿನ ಹೆಸರು, ಎಷ್ಟು ಸೆಕೆಂಡು ಅನ್ನೋದು ಬರದಿರಬೇಕು. ಎಡಿಟಿಂಗ್ ಟೇಬಲ್ಲಿನ ಹುಡುಗ ಅಂಟಿಸಿದ ಒಂದೊಂದು ಅಳೋ ತುಂಡಿಗೂ ಲೆಕ್ಕ ಅದ.

— ಇದೆಲ್ಲಾ ನಿಮಗ ಹ್ಯಾಂಗ ಗೊತ್ತು? ನೀವು ಬ್ಯಾಂಡಿನ್ಯಾಗ ಕ್ಲಾರ್‌ನೆಟ್ ಊದಿದವರು.

— ಅದಕ್ಕ ಗೊತ್ತು. ಮದಿವಿ ಸೀಸನ್ ಮುಗಿದ ಮ್ಯಾಲ ಊದವನ ಮನಿ ಹ್ಯಾಂಗ ನಡೀತದ ಅಂತ ಕಾಯ್ದೆ ಪುಸ್ತಕದಾಗ ಬರದಿಲ್ಲ, ನಾ ನೋಡೀನಿ.

— ಹಂಗಾದ್ರ ಈಗ ಏನ್ ಮಾಡ್ಲಿ? ಹೋಗ್ಲೋ ಬ್ಯಾಡೋ?

— ಹೋಗು. ಲ್ಯಾಪ್‌ಟಾಪ್ ಇದ್ದವರಿಗೆ ರೆಕಾರ್ಡಿಂಗ್‌ಗೆ ಮದರಾಸಿಗೆ ಹೋಗೋ ಕಾಲ ಇದಲ್ಲ, ನಿಲಂಗಾದಾಗ ಕೂತೂ ತುಂಡು ಮಾಡಿ ಕಳಿಸಬಹುದು. ಆದ್ರೂ ಒಂದು ವರ್ಷ ಪುಣೆದಾಗ ಇರು, ಒಬ್ಬರ ಹತ್ರ ಸಹಾಯಕ ಆಗಿ ನಿಲ್ಲು. ಜಿ.ಕೆ. ವೆಂಕಟೇಶ್ ಗರಡಿ ಈಗಿಲ್ಲ, ಬ್ಯಾರೆ ಯಾರರ ಸಿಗ್ತಾರ. ಚಹಾ ತರಾಕ ಹಚ್ಚಿದ್ರೂ ತರು, ಆದ್ರ ಮಿಕ್ಸಿಂಗ್ ನಡೀವಾಗ ಆ ಖೋಲಿ ಬಿಟ್ಟು ಹೊರಗ ಬರಬ್ಯಾಡ. ಯಾವ ಕಾಗದಾನೂ ಓದದ ಸಹಿ ಮಾಡಬ್ಯಾಡ. ಐಪಿಆರ್‌ಎಸ್ ಅರ್ಜಿ ಹೋಗೋಕಿಂತ ಮೊದಲ ತುಂಬು. ಮತ್ತ ಆ ರಾಜೀನಾಮೆ ಪತ್ರ ನನ್ನ ಕೈಯಾಗ ಕೊಡು, ಹರದು ಒಲಿಗೆ ಹಾಕ್ತೀನಿ. ಸಂಸ್ಥಾಚಾಲಕರಿಗೆ ಒಂದು ವರ್ಷದ ಬಿನ್‌ಪಗಾರಿ ರಜಾ ಕೇಳಿ ಅರ್ಜಿ ಬರಿ. ನಾಳೆ ಮುಂಜಾನಿ ಹತ್ತಕ್ಕ ಆಫೀಸು ತೆಗೀತದ, ನಾನೂ ಜೋಡಿ ಬರ್ತೀನಿ.